‘ಅವಳ ಚರಿತ್ರೆ’ ಎಂದು ಬರೆಯಲು ಆಗಲಿಲ್ಲ

ಕಳೆದ ಮಳೆಗಾಲದಲ್ಲಿ ನನ್ನ ಮೇಜಿಗೆ ಇಂಗ್ಲಿಷಿನ ಒಂದು ತರಬೇತಿ ಪುಸ್ತಕ ಬಂತು. ಯಾದಗಿರಿ ಜಿಲ್ಲೆಯ ಗ್ರಾಮ ಪಂಚಾಯ್ತಿ ಸದಸ್ಯೆಯರಿಗೆ ಎರಡು ದಿನದ ತರಬೇತಿ ಇತ್ತು, ಅದಕ್ಕೆ ಕನ್ನಡದ ಕೈಪಿಡಿ ಬೇಕಿತ್ತು. ಕಲಬುರಗಿಯಲ್ಲಿ ಕುಳಿತು ಇಪ್ಪತ್ತು ವರ್ಷದಿಂದ ನಾನು ಮಾಡುತ್ತಿರುವುದು ಇಂಥ ಅನುವಾದವನ್ನೇ. ಮೂರನೇ ಪುಟದಲ್ಲಿ ‘ಹರ್‌ಸ್ಟೋರಿ’ ಎಂಬ ಪದ ಸಿಕ್ಕಿತು. ಅಲ್ಲಿಗೆ ಕೆಲಸ ನಿಂತಿತು.

ಇಂಗ್ಲಿಷಿನಲ್ಲಿ ಇತಿಹಾಸಕ್ಕೆ ಹಿಸ್ಟರಿ ಅನ್ನುತ್ತಾರೆ. ಆ ಪದದ ಮೊದಲಿಗೆ ‘ಹಿಸ್’ ಕೇಳಿಸುತ್ತದೆ. ಹಿಸ್ ಅಂದರೆ ಅವನ. ಇದು ಅವನ ಕಥೆಯಾದರೆ ಅವಳ ಕಥೆ ಎಲ್ಲಿ ಎಂದು ಕೇಳಿದ ಅಮೆರಿಕದ ಸ್ತ್ರೀವಾದಿಗಳು ಹಿಸ್ ತೆಗೆದು ‘ಹರ್’ ಇಟ್ಟರು. ರಾಬಿನ್ ಮಾರ್ಗನ್ 1970ರಲ್ಲಿ ಸಂಪಾದಿಸಿದ ಸ್ತ್ರೀವಾದಿ ಬರಹಗಳ ಸಂಕಲನದಲ್ಲಿ ಈ ಪದ ಇದೆ. ಆಮೇಲೆ ಅದು ಪುಸ್ತಕ, ಪೋಸ್ಟರು, ತರಬೇತಿ ಎಲ್ಲದರಲ್ಲೂ ಓಡಾಡಿತು.

ಇದನ್ನು ಕನ್ನಡಕ್ಕೆ ತರುವುದು ಹೇಗೆ? ನಮ್ಮ ‘ಇತಿಹಾಸ’ದಲ್ಲಿ ಅವನೂ ಇಲ್ಲ, ಅವಳೂ ಇಲ್ಲ. ‘ಇತಿ ಹ ಆಸ’, ಹೀಗೆ ಇತ್ತು ಎಂಬ ಸಂಸ್ಕೃತದ ಮಾತು ಅದು. ಯಾವ ಅಕ್ಷರ ಕಿತ್ತು ಯಾವುದನ್ನು ಇಡಲಿ? ಕೊನೆಗೆ ‘ಅವಳ ಚರಿತ್ರೆ’ ಎಂದು ಬರೆದೆ. ಬರೆದದ್ದನ್ನು ಜೋರಾಗಿ ಓದುವುದು ನನ್ನ ರೂಢಿ. ಓದಿದ ಕೂಡಲೇ ಗಾಬರಿಯಾಯಿತು. ‘ಅಕಿ ಚರಿತ್ರೆ ನನಗ ಗೊತ್ತಿಲ್ಲೇನು?’ ಎಂದು ಯಾರಾದರೂ ಅಂದರೆ ನಮ್ಮ ಕಡೆ ಅದರ ಅರ್ಥ ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ಗಂಡಸಿನ ಚರಿತ್ರೆ ಎಂದರೆ ಅವನು ಮಾಡಿದ ಕೆಲಸ. ಹೆಂಗಸಿನ ಚರಿತ್ರೆ ಎಂದರೆ ಅವಳ ನಡತೆಯ ಮೇಲಿನ ಮಾತು. ಹೆಣ್ಣಿನ ಗೌರವಕ್ಕೆಂದು ಹುಟ್ಟಿದ ಪದ ನನ್ನ ಕೈಯಲ್ಲಿ ಬೈಗುಳವಾಗಿತ್ತು.

ಎರಡು ದಿನ ಒದ್ದಾಡಿದೆ. ಪದವನ್ನು ಬಿಟ್ಟೆ. ಆ ಪದ ಹುಟ್ಟಿದ್ದು ಯಾಕೆ ಎಂದು ಯೋಚಿಸಿದೆ. ಆಗ ಹೆಳವರು ನೆನಪಾದರು.

ನಮ್ಮ ಹಳ್ಳಿಗಳಿಗೆ ಹೆಳವರು ಎತ್ತಿನ ಮೇಲೆ ಬರುತ್ತಾರೆ. ಮನೆ ಮುಂದೆ ನಿಂತು ಆ ಮನೆತನದ ಮೂಲ ಯಾವುದು, ಯಾವ ಊರಿನಿಂದ ಬಂದವರು, ಯಾರ ಮಗ ಯಾರು ಎಂದು ಹೇಳುತ್ತಾ ಹೋಗುತ್ತಾರೆ. ಕಾಳು, ಬಟ್ಟೆ, ದುಡ್ಡು ಪಡೆದು ಮುಂದಿನ ಮನೆಗೆ ನಡೆಯುತ್ತಾರೆ. ಚಿಕ್ಕವಳಿದ್ದಾಗ ನಾನು ಬಾಗಿಲಲ್ಲಿ ನಿಂತು ಕೇಳಿದ್ದೇನೆ. ಅಪ್ಪ, ಅಜ್ಜ, ಮುತ್ತಜ್ಜ, ಅವರ ಅಪ್ಪ. ನನ್ನ ಹೆಸರು ಬರುತ್ತದೆ ಎಂದು ಕಾದದ್ದು ಇನ್ನೂ ನೆನಪಿದೆ. ಬರಲಿಲ್ಲ.

ಹಾಗಾಗಿ ಕೈಪಿಡಿಯಲ್ಲಿ ಹರ್‌ಸ್ಟೋರಿ ಇದ್ದ ಜಾಗದಲ್ಲಿ ಒಂದು ಪ್ರಶ್ನೆ ಬರೆದೆ: ‘ಹೆಳವರು ಹೇಳದ ಹೆಸರು ಯಾವುವು?’ ತರಬೇತಿಯ ದಿನ ಇದನ್ನು ಓದಿಸಿದಾಗ ಒಂದು ಕ್ಷಣ ಯಾರೂ ಮಾತಾಡಲಿಲ್ಲ. ಆಮೇಲೆ ಎಲ್ಲರೂ ಒಟ್ಟಿಗೆ ಶುರು ಮಾಡಿದರು. ‘ನಮ್ಮವ್ವನ ಅವ್ವನ ಹೆಸರು ಗೊತ್ತದ ರೀ. ಅಕಿ ಅವ್ವ ಯಾರಂತ ಗೊತ್ತಿಲ್ಲ’ ಎಂದರು ಒಬ್ಬರು. ಗಂಡನ ಕಡೆ ಐದು ತಲೆಮಾರು ಹೇಳಬಲ್ಲವರಿಗೆ ತಾಯಿಯ ಕಡೆ ಎರಡು ದಾಟಲು ಆಗಲಿಲ್ಲ. ಮಾತು ಹಾಗೇ ವಂಶವೃಕ್ಷಕ್ಕೆ ಹೋಯಿತು. ಜಮೀನು ಭಾಗ ಮಾಡಲು ಕಂದಾಯ ಇಲಾಖೆಗೆ ಕೊಡುವ ಕಾಗದ ಅದು. ಕರ್ನಾಟಕದಲ್ಲಿ 1994ರಲ್ಲೇ, ಇಡೀ ದೇಶದಲ್ಲಿ 2005ರಲ್ಲಿ, ಪಿತ್ರಾರ್ಜಿತ ಆಸ್ತಿಯಲ್ಲಿ ಹಿಂದೂ ಹೆಣ್ಣುಮಕ್ಕಳಿಗೆ ಗಂಡುಮಕ್ಕಳಂತೆ ಹಕ್ಕು ಬಂದಿದೆ. ಆದರೂ ವಂಶವೃಕ್ಷ ಬರೆಸುವಾಗ ಹೆಣ್ಣುಮಕ್ಕಳ ಹೆಸರು ಬಿಟ್ಟುಹೋಗುವುದು ನಿಂತಿಲ್ಲ. ಹೆಸರು ಇಲ್ಲದಿದ್ದರೆ ಹಕ್ಕು ಕೇಳುವುದು ಹೇಗೆ? ಹರ್‌ಸ್ಟೋರಿ ಎಂಬ ಪದವನ್ನು ಹೇಳದೆಯೇ ಆ ಪದದ ಕೆಲಸ ಅಲ್ಲಿ ಆಯಿತು.

ಇಂಥ ಪದಗಳನ್ನು ತಳ್ಳಿಹಾಕುವವರು ಒಂದು ವಾದ ಮಾಡುತ್ತಾರೆ. ಹಿಸ್ಟರಿಯ ಮೂಲ ಗ್ರೀಕಿನ ‘ಹಿಸ್ಟೋರಿಯಾ’, ವಿಚಾರಿಸಿ ತಿಳಿಯುವುದು ಎಂದು ಅದರ ಅರ್ಥ, ಇಂಗ್ಲಿಷಿನ ‘ಹಿಸ್’ಗೂ ಅದಕ್ಕೂ ಸಂಬಂಧ ಇಲ್ಲ ಅನ್ನುತ್ತಾರೆ. ಇದು ನಿಜ. ಮ್ಯಾನೇಜರ್, ಮ್ಯಾನುಯಲ್ ಪದಗಳಲ್ಲಿ ಕೇಳಿಸುವ ‘ಮ್ಯಾನ್’ ಕೂಡ ಗಂಡಸಲ್ಲ. ಲ್ಯಾಟಿನ್‌ನಲ್ಲಿ ಕೈಗೆ ‘ಮಾನುಸ್’ ಅನ್ನುತ್ತಾರೆ, ಅದರಿಂದ ಬಂದವು. ಫೀಮೇಲ್ ಪದ ಮೇಲ್‌ನಿಂದ ಹುಟ್ಟಿದ್ದಲ್ಲ. ಅದರ ಮೂಲ ಲ್ಯಾಟಿನ್ನಿನ ‘ಫೆಮೆಲ್ಲಾ’. ಮೇಲ್ ಜೊತೆ ಪ್ರಾಸ ಕೂಡಲಿ ಎಂಬಂತೆ ಜನರ ಬಾಯಲ್ಲಿ ಅದು ರೂಪ ಬದಲಿಸಿಕೊಂಡಿತು.

ನಾವೂ ಹೀಗೆ ಆಡುತ್ತೇವೆ. ಮದುವೆ ಮನೆಯಲ್ಲಿ ‘ಗಂಡಾಂತರ ಅಂದ್ರ ಗಂಡನಿಂದ ಬರೋದು’ ಎಂದು ಹೆಂಗಸರು ನಗುವುದನ್ನು ಕೇಳಿಲ್ಲವೇ? ಆ ಪದ ಸಂಸ್ಕೃತದ್ದು, ಕನ್ನಡದ ಗಂಡನಿಗೂ ಅದಕ್ಕೂ ನಂಟಿಲ್ಲ. ಆದರೆ ಆ ನಗುವಿನೊಳಗೆ ಒಂದು ಅನುಭವ ಇದೆಯಲ್ಲ, ಅದು ಸುಳ್ಳಲ್ಲ. ಪದದ ಬೇರು ಬೇರೆ, ಕಿವಿಗೆ ಬೀಳುವ ಸದ್ದು ಬೇರೆ. ಪದದಾಟ ನಡೆಯುವುದು ಸದ್ದಿನಲ್ಲಿ. ಅದನ್ನು ಬೇರಿನ ತಕ್ಕಡಿಯಲ್ಲಿ ತೂಗಿದರೆ ತೂಕ ಸಿಗುವುದಿಲ್ಲ. ನಮ್ಮ ‘ಅಬಲೆ ಅಲ್ಲ, ಸಬಲೆ’ ಕೂಡ ಒಂದು ಅಕ್ಷರ ಬದಲಿಸಿದ ಆಟವೇ. ಇವತ್ತು ‘ಸಬಲೀಕರಣ’ ಸರ್ಕಾರಿ ಆದೇಶದಲ್ಲಿದೆ.

ಬೇರು ಹುಡುಕಿದರೂ ಕೆಲವೊಮ್ಮೆ ಚಂದದ ಸಂಗತಿ ಸಿಗುತ್ತದೆ. 1970ರ ದಶಕದಲ್ಲಿ ಕೆಲವರು ವಿಮೆನ್ ಪದದೊಳಗಿನ ‘ಮೆನ್’ ಬೇಡ ಎಂದು ಅಕ್ಷರ ಬದಲಿಸಿ ‘womyn’ ಎಂದು ಬರೆಯತೊಡಗಿದರು. ಅಮೆರಿಕದ ಮಿಶಿಗನ್‌ನಲ್ಲಿ 1976ರಿಂದ 2015ರವರೆಗೆ ನಡೆದ ಹೆಂಗಸರ ಸಂಗೀತ ಉತ್ಸವದ ಹೆಸರಿನಲ್ಲೇ ಈ ಕಾಗುಣಿತ ಇತ್ತು. ಆದರೆ ಹಳೆಯ ಇಂಗ್ಲಿಷಿನಲ್ಲಿ ‘ಮನ್’ ಅಂದರೆ ಮನುಷ್ಯ, ಗಂಡಾದರೂ ಸರಿ, ಹೆಣ್ಣಾದರೂ ಸರಿ. ಹೆಂಗಸಿಗೆ ‘ವೀಫ್‌ಮನ್’ ಅನ್ನುತ್ತಿದ್ದರು. ವೀಫ್ ಅಂದರೆ ಹೆಣ್ಣು. ಅದೇ ಸವೆದು ವುಮನ್ ಆಯಿತು. ಇದನ್ನು ಓದಿದಾಗ ನನಗೆ ಖುಷಿಯಾಯಿತು. ಯಾಕೆಂದರೆ ನಮ್ಮ ಕಡೆ ಇವತ್ತಿಗೂ ‘ಹೆಣ್ಣುಮನುಷ್ಯಾಳು’ ಅನ್ನುತ್ತೇವೆ. ಸಾವಿರ ವರ್ಷದ ಹಿಂದಿನ ವೀಫ್‌ಮನ್ ಕಟ್ಟಿದ ರೀತಿಯೇ ಅದು. ‘ಗಂಡಮನುಷ್ಯಾ’ ಎಂಬ ಮಾತೂ ನಮ್ಮಲ್ಲಿ ಉಳಿದಿದೆ. ಇಂಗ್ಲಿಷಿನವರು ಆ ಜೋಡಿಯನ್ನು ಕಳೆದುಕೊಂಡರು. ಮನುಷ್ಯ ಎಂಬ ಪದವನ್ನೇ ಗಂಡಸಿಗೆ ಬರೆದುಕೊಟ್ಟರು. ಹಾಗಾದ ಮೇಲೆ ಅದು ನಮ್ಮೆಲ್ಲರ ಪದ, ಸುಮ್ನೆ ಯಾಕೆ ತಕರಾರು ಎಂದು ಹೆಂಗಸರಿಗೆ ಹೇಳುವುದು ನ್ಯಾಯವಲ್ಲ.

ಹೀಗೆ ಹುಟ್ಟಿಸಿದ ಪದಗಳಲ್ಲಿ ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ‘ಮಿಜ್’ (Ms.). ಮಿಸ್ ಅಂದರೆ ಮದುವೆ ಆಗದವಳು, ಮಿಸೆಸ್ ಅಂದರೆ ಆದವಳು. ಎರಡೂ ‘ಮಿಸ್ಟ್ರೆಸ್’ ಎಂಬ ಒಂದೇ ಪದದ ಚೂರುಗಳು. ಗಂಡಸಿಗೆ ಮಾತ್ರ ಮದುವೆಗೆ ಮೊದಲೂ ಆಮೇಲೂ ಮಿಸ್ಟರ್ ಸಾಕು. ಮದುವೆಯ ಸುದ್ದಿ ಹೇಳದ ಒಂದು ಪದ ಹೆಂಗಸಿಗೂ ಇರಲಿ ಎಂಬ ಸಲಹೆ 1901ರಲ್ಲೇ ಅಮೆರಿಕದ ಸ್ಪ್ರಿಂಗ್‌ಫೀಲ್ಡ್ ಊರಿನ ಒಂದು ಪತ್ರಿಕೆಯಲ್ಲಿ ಬಂದಿತ್ತು. ಯಾರೂ ಕಿವಿಗೊಡಲಿಲ್ಲ. 1960ರ ದಶಕದಲ್ಲಿ ಶೀಲಾ ಮೈಕೆಲ್ಸ್ ಎಂಬ ಹೋರಾಟಗಾರ್ತಿ ಅದನ್ನು ಮತ್ತೆ ಎತ್ತಿಕೊಂಡರು. 1972ರಲ್ಲಿ ಸ್ತ್ರೀವಾದಿ ಗ್ಲೋರಿಯಾ ಸ್ಟೈನಮ್ ಮತ್ತು ಗೆಳತಿಯರು ಅದೇ ಹೆಸರಿನ ಪತ್ರಿಕೆ ಶುರು ಮಾಡಿದರು. ನ್ಯೂಯಾರ್ಕ್ ಟೈಮ್ಸ್ ಒಪ್ಪಿಕೊಂಡದ್ದು 1986ರಲ್ಲಿ. ಲೆಕ್ಕ ಹಾಕಿ, ಒಂದು ಪುಟ್ಟ ಪದಕ್ಕೆ 85 ವರ್ಷ.

ಬೇಕಂತಲೇ ಮಾಡಿದ ಪದ ನಿಲ್ಲುವುದಿಲ್ಲ ಅನ್ನುವವರಿಗೆ ನಾನು ನಮ್ಮೂರನ್ನೇ ತೋರಿಸುತ್ತೇನೆ. 2014ರ ನವೆಂಬರ್ 1ರಂದು ಗುಲ್ಬರ್ಗಾ ಕಲಬುರಗಿ ಆಯಿತು. ಬೋರ್ಡು, ಬಸ್ಸು, ರೈಲು ಟಿಕೆಟ್ ಎಲ್ಲ ಬದಲಾದವು. ಜನಕ್ಕೆ ಕಷ್ಟವಾಗಲಿಲ್ಲ, ಯಾಕೆಂದರೆ ಹಳ್ಳಿಯವರ ಬಾಯಲ್ಲಿ ಅದು ಮೊದಲಿನಿಂದಲೂ ಕಲಬುರ್ಗಿಯೇ ಆಗಿತ್ತು. ಬಾಯಿ ತಯಾರಿದ್ದ ಕಡೆ ಹೊಸ ಪದ ಬೇಗ ಕೂರುತ್ತದೆ. ಕ್ರಿಕೆಟ್ಟಿನ ಬ್ಯಾಟ್ಸ್‌ಮನ್ 2021ರಲ್ಲಿ, ಎಂಸಿಸಿ ಎಂಬ ಕ್ಲಬ್ಬು ರೂಪಿಸುವ ಆಟದ ನಿಯಮದಲ್ಲಿ, ಬ್ಯಾಟರ್ ಆದಾಗಲೂ ಹೀಗೇ ಆಯಿತು. ಕನ್ನಡ ಪತ್ರಿಕೆಗಳ ಆಟದ ಪುಟದಲ್ಲಿ ಈಗ ಬ್ಯಾಟರ್ ಎಂದೇ ಬರುತ್ತದೆ.

ಮಿಜ್ ಪದಕ್ಕೆ ಕನ್ನಡದಲ್ಲಿ ಏನು ಮಾಡುವುದು? ‘ಶ್ರೀಮತಿ’, ‘ಕುಮಾರಿ’ ಜಗಳ ನಮ್ಮಲ್ಲೂ ಇದೆ. ನನಗೆ ಈಗ 49 ವರ್ಷ, ಮದುವೆ ಆಗಿಲ್ಲ. ಒಂದು ಕಚೇರಿಯಲ್ಲಿ ಇವತ್ತಿಗೂ ನನ್ನ ಹೆಸರಿನ ಮುಂದೆ ‘ಕುಮಾರಿ’ ಎಂದು ಬರೆಯುತ್ತಾರೆ. ಬರೀ ಹೆಸರು ಸಾಕು ರೀ ಎಂದು ಮೂರು ಸಲ ಕೇಳಿಕೊಂಡೆ. ಅರ್ಜಿ ಹಾಗೇ ಇದೆ ಎಂದರು. ಅರ್ಜಿ ಯಾರೋ ಮಾಡಿದ್ದು ತಾನೇ, ಬದಲಿಸಲು ಬರುವುದಿಲ್ಲವೇ?

ಆದರೆ ನಮ್ಮ ಭಾಗದಲ್ಲಿ ನಿಜವಾದ ಗಂಟು ಹೆಸರಿನ ಹಿಂದಿದೆ. ಇಲ್ಲಿಯ ಪಹಣಿ, ಮತದಾರರ ಪಟ್ಟಿ, ಪೊಲೀಸ್ ದೂರು ಯಾವುದನ್ನೇ ನೋಡಿ. ಗಂಡಸಿನ ಹೆಸರು ‘ಮಲ್ಲಪ್ಪ ತಂದೆ ಶಿವಪ್ಪ’ ಎಂಬ ರೀತಿ ಇರುತ್ತದೆ. ಹೆಂಗಸಿನದು ‘ಶರಣಮ್ಮ ಗಂಡ ಬಸಪ್ಪ’ ಎಂಬ ರೀತಿ. ಮದುವೆಯ ದಿನ ಅವಳ ‘ತಂದೆ’ ಹೋಗಿ ‘ಗಂಡ’ ಬರುತ್ತದೆ. ಅವನ ಹೆಸರಿನಲ್ಲಿ ಒಂದು ಅಕ್ಷರವೂ ಕದಲುವುದಿಲ್ಲ. ‘ಬಸಪ್ಪ ಹೆಂಡತಿ ಶರಣಮ್ಮ’ ಎಂದು ಬರೆದ ಕಾಗದವನ್ನು ನಾನು ಇಲ್ಲಿಯವರೆಗೆ ನೋಡಿಲ್ಲ.

ಇದು ಹೊಸದೇನಲ್ಲ. ಬೀದರ್ ಜಿಲ್ಲೆಯ ಬಸವಕಲ್ಯಾಣದಲ್ಲಿ ಹನ್ನೆರಡನೇ ಶತಮಾನದಲ್ಲಿ ಹೆಣ್ಣುಮಕ್ಕಳು ವಚನ ಬರೆದರು, ಅನುಭವ ಮಂಟಪದಲ್ಲಿ ಮಾತಾಡಿದರು. ಅದು ನಮ್ಮ ನೆಲದ ಹೆಮ್ಮೆ. ಅವರಲ್ಲೂ ಕೆಲವರು ಇವತ್ತಿಗೂ ‘ಉರಿಲಿಂಗಪೆದ್ದಿಗಳ ಪುಣ್ಯಸ್ತ್ರೀ ಕಾಳವ್ವೆ’ ಎಂಬಂತೆ ಗಂಡನ ಹೆಸರಿನ ಜೊತೆಗೇ ಪುಸ್ತಕದಲ್ಲಿದ್ದಾರೆ. ಆಯ್ದಕ್ಕಿ ಲಕ್ಕಮ್ಮ ಹಾಗಲ್ಲ. ಅವಳ ಹೆಸರಿನ ಮುಂದೆ ಇರುವುದು ಅವಳು ಮಾಡಿದ ಕಾಯಕ. ಆ ಹೆಸರು ನನಗೆ ಜಾಸ್ತಿ ಹತ್ತಿರ.

ಮದುವೆಯ ಗೊಡವೆ ಇಲ್ಲದ ಒಂದು ಕರೆ ನಮ್ಮಲ್ಲಿ ಆಗಲೇ ಇದೆ. ಶಾಲೆಯ ಟೀಚರಿಗೆ ನಮ್ಮ ಕಡೆ ‘ಅಕ್ಕೋರು’ ಅನ್ನುತ್ತಾರೆ. ಇಪ್ಪತ್ತರ ಹುಡುಗಿಯಾದರೂ ಅಕ್ಕೋರು, ನಿವೃತ್ತಿಯ ಅಂಚಿನವರೂ ಅಕ್ಕೋರು. ಕೊರಳಲ್ಲಿ ತಾಳಿ ಇದೆಯೋ ಇಲ್ಲವೋ ಯಾರೂ ಕೇಳುವುದಿಲ್ಲ. ಕೈಪಿಡಿಯಲ್ಲಿ ತರಬೇತಿ ಕೊಡುವವರನ್ನು ನಾನು ಅಕ್ಕೋರು ಎಂದೇ ಬರೆದೆ.

ಇನ್ನು ಸರ್ವನಾಮ. ಇಂಗ್ಲಿಷಿನಲ್ಲಿ ಒಬ್ಬರ ಬಗ್ಗೆ ಹೇಳುವಾಗ ಹೀ ಅಥವಾ ಶೀ ಎನ್ನಬೇಕು. ಎರಡಕ್ಕೂ ಸಲ್ಲುವ ಒಂದು ಪದಕ್ಕಾಗಿ ಅವರು ಬಹಳ ಹುಡುಕಿದ್ದಾರೆ. ಹತ್ತೊಂಬತ್ತನೇ ಶತಮಾನದಲ್ಲಿ ಚಾರ್ಲ್ಸ್ ಕನ್ವರ್ಸ್ ಎಂಬವರು ‘ಥಾನ್’ ಎಂಬ ಪದ ಕಟ್ಟಿದರು. 1934ರಲ್ಲಿ ಮೆರಿಯಮ್-ವೆಬ್‌ಸ್ಟರ್ ನಿಘಂಟಿಗೂ ಅದು ಸೇರಿತು. ಯಾರೂ ಬಳಸಲಿಲ್ಲ, 1961ರಲ್ಲಿ ತೆಗೆದರು. ಗೆದ್ದದ್ದು ಹಳೆಯ ‘ದೇ’. ಒಬ್ಬರನ್ನು ಕುರಿತು ದೇ ಎನ್ನುವುದು ಹದಿನಾಲ್ಕನೇ ಶತಮಾನದಿಂದ ಇದೆ. ಅದೇ ನಿಘಂಟಿನವರು 2019ರಲ್ಲಿ ಅದನ್ನು ವರ್ಷದ ಪದ ಎಂದು ಆರಿಸಿದರು.

ಕನ್ನಡಕ್ಕೆ ಈ ತೊಂದರೆಯೇ ಇಲ್ಲ, ನಮ್ಮಲ್ಲಿ ‘ಅವರು’ ಇದೆಯಲ್ಲ ಎಂದು ನಾನೂ ಬಹಳ ವರ್ಷ ಹೇಳಿಕೊಂಡು ತಿರುಗಿದೆ. ಗಂಡು, ಹೆಣ್ಣು, ಎರಡೂ ಅಲ್ಲದವರು, ಎಲ್ಲರಿಗೂ ಒಂದೇ ಪದ. ಆಮೇಲೆ ಒಂದು ದಿನ ನನ್ನ ಹಳೆಯ ಅನುವಾದಗಳನ್ನು ತೆಗೆದು ನೋಡಿದೆ. ಇಂಗ್ಲಿಷಿನಲ್ಲಿ ಡಾಕ್ಟರಿಗೆ ಹೀ, ನರ್ಸಿಗೆ ಶೀ. ಎರಡರಲ್ಲಿ ಗೌರವ ಹೆಚ್ಚೂ ಇಲ್ಲ, ಕಡಿಮೆಯೂ ಇಲ್ಲ. ನನ್ನ ಕನ್ನಡದಲ್ಲಿ ಡಾಕ್ಟರು ‘ಬಂದರು’, ನರ್ಸು ‘ಬಂದಳು’. ದೂರು ಕೊಟ್ಟ ಹೆಂಗಸು ‘ಅವಳು’, ಆ ದೂರು ಬರೆದುಕೊಂಡ ಅಧಿಕಾರಿ ‘ಅವರು’. ಇಂಗ್ಲಿಷಿನಲ್ಲಿ ಇಲ್ಲದ ಮೇಲುಕೀಳನ್ನು ನಾನೇ ತಂದು ಹಾಕಿದ್ದೆ. ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ.

ಎಷ್ಟೋ ಮನೆಗಳಲ್ಲೂ ಇದೇ ಅಲ್ವಾ? ‘ಅಪ್ಪ ಬಂದರು, ಅಮ್ಮ ಬಂದಳು.’ ಹೆಂಡತಿ ಗಂಡನನ್ನು ‘ನಮ್ಮ ಮನ್ಯಾಗಿನವರು’ ಅನ್ನುತ್ತಾಳೆ, ಗಂಡ ಹೆಂಡತಿಯನ್ನು ‘ಅಕಿ’ ಅನ್ನುತ್ತಾನೆ. ಪ್ರೀತಿಯಿಂದ ಏಕವಚನ ಬಂದರೆ ಅದು ಬೇರೆ. ನಾನು ಕೇಳುವುದು ಅದು ಇಬ್ಬರ ಮೇಲೂ ಸಮವಾಗಿ ಬರುತ್ತದೆಯೇ ಎಂದು. ಇಂಗ್ಲಿಷಿಗೆ ಪದದ ಕೊರತೆ ಇತ್ತು. ನಮ್ಮಲ್ಲಿ ಪದ ಇದೆ, ಅದನ್ನು ಹಂಚುವುದರಲ್ಲಿ ಮೋಸ ಇದೆ. ಈಗ ನನ್ನದೊಂದು ನಿಯಮ: ಒಂದು ಬರಹದಲ್ಲಿ ಗಂಡಸು ‘ಅವರು’ ಆದರೆ ಹೆಂಗಸೂ ‘ಅವರು’. ಅವಳು ಕೂಲಿಯವಳಾದರೂ, ಆರೋಪಿಯಾದರೂ ಅಷ್ಟೇ. ಲಿಂಗತ್ವ ಅಲ್ಪಸಂಖ್ಯಾತರ ಬಗ್ಗೆ ಬರೆಯುವಾಗ ಅವರನ್ನೇ ಕೇಳಿ ಬರೆಯುತ್ತೇನೆ.

ತರಬೇತಿ ಪುಸ್ತಕದ ‘ಮ್ಯಾನ್‌ಸ್ಪ್ಲೇನಿಂಗ್’ ಪದದ ಮೇಲೆ ಹೆಚ್ಚು ಹೊತ್ತು ಹೋಗಲಿಲ್ಲ. ಗೊತ್ತಿರುವ ಹೆಂಗಸಿಗೆ ಗೊತ್ತಿಲ್ಲದ ಗಂಡಸು ವಿವರಿಸುವುದು ಎಂದು ಅರ್ಥ. ಅಮೆರಿಕದ ಲೇಖಕಿ ರೆಬೆಕಾ ಸೋಲ್ನಿಟ್ 2008ರಲ್ಲಿ ಬರೆದ ಪ್ರಬಂಧದ ಚರ್ಚೆಯ ಬೆನ್ನಿಗೆ ಈ ಪದ ಹಬ್ಬಿತು. ‘ಅಜ್ಜಿಗೆ ಕೆಮ್ಮು ಕಲಿಸಿದ ಹಾಗೆ’ ಎಂದು ಬರೆದಿದ್ದೆ. ಅದರಲ್ಲಿ ಗಂಡಸು ಕಾಣುವುದಿಲ್ಲ. ತರಬೇತಿಯಲ್ಲಿ ಅರ್ಥ ಹೇಳಿದ ಕೂಡಲೇ ಹಿಂದಿನ ಸಾಲಿನಿಂದ ಒಬ್ಬರು ಅಂದರು: ‘ನಮಗ ರೊಟ್ಟಿ ಬಡಿಯಾದು ಹೇಳ್ಕೊಡ್ಲಾಕ ಬಂದಾನ ಅಂತ ಬರೀರಿ.’ ಹಾಗೇ ಬರೆದೆ.

ಕೆಲವು ಪದ ಹೋಗಬೇಕು. ಈವ್ ಟೀಸಿಂಗ್ ಅಂಥದ್ದು. 2023ರಲ್ಲಿ ಸುಪ್ರೀಂ ಕೋರ್ಟ್ ಹೊರತಂದ ಕೈಪಿಡಿ ಅದರ ಬದಲು ಬೀದಿಯ ಲೈಂಗಿಕ ಕಿರುಕುಳ ಎಂದು ಹೇಳಲು ಸೂಚಿಸಿತು. ನಮ್ಮ ಪತ್ರಿಕೆಗಳು ಇನ್ನೂ ‘ಯುವತಿಯನ್ನು ಚುಡಾಯಿಸಿದ’ ಎಂದು ಬರೆಯುತ್ತವೆ. ತಮ್ಮನು ಅಕ್ಕನನ್ನು ಚುಡಾಯಿಸುತ್ತಾನೆ, ಗೆಳೆಯ ಗೆಳೆಯನನ್ನು ಚುಡಾಯಿಸುತ್ತಾನೆ. ಬಸ್ ನಿಲ್ದಾಣದಲ್ಲಿ ಹುಡುಗಿಯ ಕೈ ಹಿಡಿದು ಎಳೆಯುವುದಕ್ಕೂ ಅದೇ ಪದವೇ? ಕಿರುಕುಳದಲ್ಲೂ ‘ಕಿರು’ ಕೇಳಿಸುತ್ತದೆ, ನನಗೆ ಪೂರ್ತಿ ಸಮಾಧಾನ ಇಲ್ಲ. ಆದರೆ ಕಾನೂನಿನಲ್ಲಿ ಅದು ಗಟ್ಟಿಯಾಗಿ ನಿಂತಿದೆ. ಅದನ್ನೇ ಬಳಸಿದೆ.

ತರಬೇತಿಯ ಎರಡನೇ ದಿನ ಹಾಜರಿ ಪಟ್ಟಿ ಕೈಯಿಂದ ಕೈಗೆ ಹೋಯಿತು. ಮೊದಲು ಬರೆದವರು ತಮ್ಮ ಹೆಸರು ಬರೆದಾದ ಮೇಲೆ ‘ಗಂಡ’ ಎಂದು ಬರೆದು ನಿಲ್ಲಿಸಿದರು. ಅದನ್ನು ಹೊಡೆದುಹಾಕಿ ‘ತಾಯಿ’ ಎಂದು ಬರೆದು ತಾಯಿಯ ಹೆಸರು ಹಾಕಿದರು. ಪಕ್ಕದವರು ನೋಡಿದರು, ಅವರೂ ಹಾಗೇ ಬರೆದರು. ನಾನು ಹೇಳಿಕೊಟ್ಟದ್ದಲ್ಲ. ಪಟ್ಟಿ ನನ್ನ ಕೈಗೆ ಬರುವಾಗ ಎಲ್ಲ ಸಾಲಿನಲ್ಲೂ ‘ತಾಯಿ’ ಇತ್ತು.

ವಾರದ ನಂತರ ಪ್ರಯಾಣ ಭತ್ಯೆ ಕೊಡುವ ಕಡೆಯಿಂದ ಪಟ್ಟಿ ವಾಪಸ್ ಬಂತು. ಆಧಾರ್ ಕಾರ್ಡಿನಲ್ಲಿ ಇರುವಂತೆ ಬರೆದುಕೊಡಿ ಎಂದರು. ಅವರ ದುಡ್ಡು ನಿಲ್ಲಬಾರದು ಎಂದು ಇನ್ನೊಂದು ಪಟ್ಟಿ ಮಾಡಿಸಿ ಕಳಿಸಿದೆವು. ಮೊದಲ ಹಾಳೆ ನನ್ನ ಹತ್ತಿರ ಇದೆ. ಅದರಲ್ಲಿ 26 ತಾಯಂದಿರ ಹೆಸರಿವೆ.