ಕಪ್ಪು-ಬಿಳುಪು ಸ್ಟಾಪ್ ಮೋಷನ್: ಬಣ್ಣ ತೆಗೆದರೆ ಏನು ಸಿಗುತ್ತದೆ?

ಸ್ಟಾಪ್ ಮೋಷನ್ ಕೆಲಸ ಗೊತ್ತಲ್ವಾ? ಗೊಂಬೆಯನ್ನು ಒಂಚೂರು ಸರಿಸಬೇಕು, ಒಂದು ಫೋಟೊ ತೆಗೀಬೇಕು, ಮತ್ತೆ ಸರಿಸಬೇಕು. ಸೆಕೆಂಡಿಗೆ 24 ಫ್ರೇಮು. ಎಷ್ಟೋ ಸಲ ಒಂದೇ ಭಂಗಿಯನ್ನು ಎರಡು ಫ್ರೇಮಿಗೆ ಹಿಡಿಯುತ್ತಾರೆ, ಆಗ 12 ಭಂಗಿ ಸಾಕು.

ಇದಕ್ಕೆ ಕಪ್ಪು-ಬಿಳುಪು ಯಾಕೆ ಇಷ್ಟು ಒಪ್ಪುತ್ತದೆ? ‘ಹಳೇ ಕಾಲದ ಮಜಾ’ ಅಂತ ಜಾಸ್ತಿ ಜನ ಹೇಳ್ತಾರೆ. ನನಗೆ ಅದು ಅರ್ಧ ಉತ್ತರ. ಬಣ್ಣವಿದ್ದರೆ ಇದು ಜೇಡಿಮಣ್ಣು, ಇದು ಬಟ್ಟೆ, ಇದು ರಟ್ಟು ಅಂತ ಕಣ್ಣು ತಕ್ಷಣ ಹಿಡಿದುಬಿಡುತ್ತದೆ. ಬಣ್ಣ ಹೋದರೆ ಆ ಸುಳಿವೂ ಹೋಯಿತು. ಗೊಂಬೆ, ಸೆಟ್ಟು, ಹಿಂದೆ ಬಣ್ಣ ಬಳಿದ ಆಕಾಶ, ಮೂರೂ ಒಂದೇ ಲೋಕದವು ಅನಿಸುತ್ತವೆ.

1933ರ ‘ಕಿಂಗ್ ಕಾಂಗ್’ ನೋಡಿ. ವಿಲ್ಲಿಸ್ ಓಬ್ರಿಯನ್ ತಂಡ ಮಾಡಿದ ಕಾಂಗ್ ಗೊಂಬೆಯ ಎತ್ತರ ಸುಮಾರು ಒಂದೂವರೆ ಅಡಿ. ಒಳಗೆ ಲೋಹದ ಅಸ್ಥಿಪಂಜರ, ಮೇಲೆ ಮೊಲದ ತುಪ್ಪಟ. ಕಾಂಗ್ ಸುಮ್ನೆ ನಿಂತಿರುವಾಗಲೂ ಆ ತುಪ್ಪಟ ಅಲ್ಲಲ್ಲಿ ಅಲುಗುತ್ತದೆ. ಪ್ರತಿ ಸಲ ಸರಿಸುವಾಗ ಕಲಾವಿದರ ಬೆರಳು ತಾಗಿದ ಗುರುತು ಅದು. ಲೆಕ್ಕಕ್ಕೆ ಇದು ತಪ್ಪು. ಆದರೆ ತೆರೆಯ ಮೇಲೆ ಕೋಪಕ್ಕೆ ಕೂದಲು ನಿಮಿರಿದ ಹಾಗೆ ಕಾಣುತ್ತದೆ! ಒಂದು ಸಲ ಕಂಡರೆ ಆಮೇಲೆ ಕಣ್ಣು ಅಲ್ಲಿಗೇ ಹೋಗುತ್ತದೆ.

ಇನ್ನು ಬೆಳಕು. ಬಣ್ಣವಿಲ್ಲದಾಗ ಕಥೆ ಹೇಳುವ ಕೆಲಸದಲ್ಲಿ ದೊಡ್ಡ ಪಾಲು ನೆರಳಿನದು. ಟಿಮ್ ಬರ್ಟನ್ ಅವರ ಪುಟ್ಟ ಚಿತ್ರ ‘ವಿನ್ಸೆಂಟ್’ (1982) ಇದಕ್ಕೆ ಒಳ್ಳೆ ಪಾಠ. ಹುಡುಗನ ತಲೆಯೊಳಗಿನ ಭಯವೆಲ್ಲ ಗೋಡೆ ಮೇಲಿನ ನೆರಳಾಗಿ ಬರುತ್ತದೆ. 2012ರಲ್ಲೂ ಅವರು ‘ಫ್ರಾಂಕನ್‌ವೀನಿ’ಯನ್ನು ಕಪ್ಪು-ಬಿಳುಪಿನಲ್ಲೇ ಮಾಡಿದರು. ಬಣ್ಣ ಸಿಗದೆ ಅಲ್ಲ, ಬೇಡ ಅಂತ.

ನೀವು ಮಾಡಿ ನೋಡುವುದಾದರೆ ಒಂದು ಎಚ್ಚರಿಕೆ: ಕೆಂಪು ಅಂಗಿ, ಹಸಿರು ಗೋಡೆ ಕಣ್ಣಿಗೆ ಬೇರೆ ಬೇರೆ. ಎರಡರ ಹೊಳಪು ಒಂದೇ ಇದ್ದರೆ ಕಪ್ಪು-ಬಿಳುಪಿನಲ್ಲಿ ಎರಡೂ ಒಂದೇ ಬೂದು, ಗೊಂಬೆ ಗೋಡೆಯಲ್ಲೇ ಮುಳುಗಿಹೋಗುತ್ತದೆ. ಹಾಗಾಗಿ ಶುರುವಿಗೆ ಮುಂಚೆ ಮೊಬೈಲ್ ಕ್ಯಾಮೆರಾವನ್ನು ಮೋನೊ (ಕಪ್ಪು-ಬಿಳುಪು) ಮೋಡ್‌ಗೆ ಹಾಕಿ ಸೆಟ್ಟು ನೋಡಿ. ಅಂಚು ಕಾಣದಿದ್ದರೆ ಗೊಂಬೆಯ ಹಿಂದಿನಿಂದ ಒಂದು ಸಣ್ಣ ದೀಪ ಬಿಡಿ. ಕಿಟಕಿ ಮಾತ್ರ ಮುಚ್ಚಿರಲಿ. ಹೊರಗಿನ ಬಿಸಿಲು ಬದಲಾದರೆ ಒಂದೊಂದು ಫ್ರೇಮೂ ಒಂದೊಂದು ಹೊಳಪಿನಲ್ಲಿ ಬಂದು ಇಡೀ ದೃಶ್ಯ ಮಿಣುಕಾಡುತ್ತದೆ.

ಪೂರ್ತಿ ಬೂದು ಇರಲೇಬೇಕು ಅಂತೇನೂ ಇಲ್ಲ. ‘ಮೇರಿ ಅಂಡ್ ಮ್ಯಾಕ್ಸ್’ (2009) ಚಿತ್ರದ ನ್ಯೂಯಾರ್ಕ್ ಬೂದಾಗಿದೆ, ಆದರೆ ಮ್ಯಾಕ್ಸ್‌ಗೆ ಅವನ ಪತ್ರದ ಗೆಳತಿ ಮೇರಿ ಕಳಿಸಿದ ಉಲ್ಲನ್ ಕುಚ್ಚು ಕೆಂಪು.