ಮಳೆ ಬೇಡದ ನಾಡಿನಲ್ಲಿ ಗುಡುಗಿನ ದೇವರು

ಕೈರೋದಲ್ಲಿ ವರ್ಷವಿಡೀ ಬೀಳುವ ಮಳೆ ಸುಮಾರು 25 ಮಿಲಿಮೀಟರ್. ದಕ್ಷಿಣದ ಲಕ್ಸರ್‌ನಲ್ಲಿ ಅಷ್ಟೂ ಇಲ್ಲ. ಪ್ರಾಚೀನ ಈಜಿಪ್ಟಿನ ರೈತ ಮುಗಿಲು ನೋಡುತ್ತ ಕೂತವನಲ್ಲ, ಅವನ ಕಣ್ಣೆಲ್ಲ ನೈಲ್ ಮೇಲೆ. ಇಥಿಯೋಪಿಯಾದ ಬೆಟ್ಟಗಳಲ್ಲಿ ಸುರಿದ ಮಳೆ ಜುಲೈಯಿಂದ ನೆರೆಯಾಗಿ ಏರಿ, ಸೆಪ್ಟೆಂಬರ್ ಕಳೆದ ಮೇಲೆ ಹೊಲದಲ್ಲಿ ಕಪ್ಪು ಮಣ್ಣು ಬಿಟ್ಟು ಇಳಿಯುತ್ತಿತ್ತು. ಆ ನೆರೆಗೆ ಹಾಪಿ ಎಂಬ ಬೇರೆಯೇ ದೇವರಿದ್ದ. ಅನ್ನ ಕೊಡುವ ಕೆಲಸ ಹಾಪಿಯ ಪಾಲಾದ ಮೇಲೆ ಗುಡುಗು, ಬಿರುಗಾಳಿಯ ದೇವರಾದ ಸೆತ್‌ಗೆ ಉಳಿದದ್ದು ಕೆಡಿಸುವ ಕೆಲಸ ಮಾತ್ರ.

ಮರುಭೂಮಿಯ ಮಳೆ ಕೆಡಿಸುವ ಬಗೆಯನ್ನು ಲಕ್ಸರ್ ಬಳಿ ಫೇರೋಗಳ ಗೋರಿಗಳಿರುವ ರಾಜರ ಕಣಿವೆಯಲ್ಲಿ ಈಗಲೂ ನೋಡಬಹುದು. ಗಿಡವಿಲ್ಲದ ಸುಣ್ಣಕಲ್ಲಿನ ಗುಡ್ಡ ನೀರನ್ನು ಹೀರುವುದಿಲ್ಲ. ಒಂದು ಗಂಟೆಯ ಮಳೆ ಸಾಕು, ಒಣಹಳ್ಳಗಳಲ್ಲಿ ಕಲ್ಲು ಮಣ್ಣು ಹೊತ್ತ ಪ್ರವಾಹ ಬಂದುಬಿಡುತ್ತದೆ. ಅದು ಗೋರಿಯೊಳಗೆ ನುಗ್ಗಿದರೆ ಕೆಸರು ತುಂಬುವುದಷ್ಟೇ ಅಲ್ಲ, ಸುಣ್ಣಕಲ್ಲಿನ ಅಡಿಯಲ್ಲಿರುವ ಜೇಡಿಪದರ ನೆನೆದು ಉಬ್ಬಿ, ಕಂಬ ಗೋಡೆಗಳನ್ನು ಸೀಳುತ್ತದೆ. 2ನೇ ರಾಮ್ಸೆಸನ ಗೋರಿ ಹಾಳಾದದ್ದು ಹೀಗೆಯೇ. 1994ರ ನವೆಂಬರಿನಲ್ಲೂ ಇಂಥದೇ ನೆರೆ ಆ ಕಣಿವೆಗೆ ಬಂದಿತ್ತು.

ಈ ಭಯ ಲಿಪಿಯೊಳಗೇ ಕೂತಿದೆ. ಈಜಿಪ್ಟಿನ ಚಿತ್ರಲಿಪಿಯಲ್ಲಿ ಪದದ ಕೊನೆಗೆ ಒಂದು ಚಿತ್ರ ಬರುತ್ತದೆ. ಅದನ್ನು ಉಚ್ಚರಿಸುವುದಿಲ್ಲ, ಪದ ಯಾವ ಜಾತಿಯದೆಂದು ಅದು ತೋರಿಸುತ್ತದೆ. ಬಿರುಗಾಳಿ, ಕೋಪ ಎರಡಕ್ಕೂ ಸಲ್ಲುವ 'ನೆಶ್ನಿ' ಎಂಬ ಪದದ ಕೊನೆಗೆ ಸೆತ್‌ನ ಪ್ರಾಣಿಯನ್ನು ಬರೆಯುತ್ತಿದ್ದರು: ಬಾಗಿದ ಮೂತಿ, ತುದಿ ಕತ್ತರಿಸಿದಂಥ ನೆಟ್ಟಗಿನ ಕಿವಿ, ನಿಗುರಿದ ಕವಲುಬಾಲ. ನರಿ, ಕತ್ತೆ, ನೆಲಹಂದಿ ಎಂದು ವಿದ್ವಾಂಸರು ಏನೇನೋ ಹೇಳಿದ್ದಾರೆ, ಯಾವುದೂ ಸರಿಹೊಂದಿಲ್ಲ. ಬಹುಶಃ ಅದು ಯಾವ ಪ್ರಾಣಿಗೂ ಹೊಂದಬಾರದೆಂದೇ ಬರೆದದ್ದು.

ಇಷ್ಟಾದರೂ ಅವನು ಬರೀ ಖಳನಲ್ಲ. ಸೂರ್ಯ ಪಯಣಿಸುವ ದೋಣಿಯ ಮೂತಿಯಲ್ಲಿ ನಿಂತು, ಅದಕ್ಕೆ ಅಡ್ಡ ಬರುವ ಅಪೆಪ್ ಸರ್ಪವನ್ನು ಇರಿಯುವವನು ಸೆತ್. ಶವಪೆಟ್ಟಿಗೆಗಳ ಮೇಲೆ ಬರೆದ ಒಂದು ಮಂತ್ರದಲ್ಲಿ ಬೆಟ್ಟದ ಮೇಲಿನ ಹಾವೊಂದು ದೋಣಿ ಸಾಗುವ ನೀರನ್ನೇ ನುಂಗುತ್ತದೆ, ಸೆತ್ ಭರ್ಜಿ ತೋರಿಸಿ ಅದನ್ನು ಕಕ್ಕಿಸುತ್ತಾನೆ. ಇಂದ್ರ ವೃತ್ರನನ್ನು ಕೊಂದು ನೀರು ಬಿಡಿಸಿದ ಕಥೆ ನಮಗೆ ನೆನಪಾಗದೆ ಇರದು. ಆದರೆ ವ್ಯತ್ಯಾಸವಿರುವುದೂ ಅಲ್ಲೇ. ಇಂದ್ರ ಬಿಡಿಸಿದ ನೀರು ಭೂಮಿಗೆ ಹರಿಯಿತು, ಸೆತ್ ಬಿಡಿಸಿದ್ದು ದೋಣಿ ಮುಂದೆ ಹೋಗುವುದಕ್ಕೆ.

ಸೆತ್‌ನ ಅದೃಷ್ಟ ತಿರುಗಿದ್ದು ಮಳೆಯನ್ನೇ ನಂಬಿದ ಜನ ಒಳಗೆ ಬಂದಾಗ. ಸಿರಿಯಾದಲ್ಲಿ, ಇಂದಿನ ಟರ್ಕಿಯಾದ ಅನಟೋಲಿಯಾದಲ್ಲಿ ಬೆಳೆ ನಿಂತಿದ್ದದ್ದು ಮಳೆಯ ಮೇಲೆ, ಹಾಗಾಗಿ ಬಾಳ್, ಹದದ್, ತೆಶುಬ್ ಮುಂತಾದ ಗುಡುಗಿನ ದೇವರುಗಳೇ ಅಲ್ಲಿ ದೊರೆಗಳು. ಕ್ರಿ.ಪೂ. 1650ರ ಸುಮಾರಿಗೆ ನೈಲ್ ಮುಖಜಭೂಮಿಯ ಅವಾರಿಸ್‌ನಿಂದ ಆಳಿದ ಹಿಕ್ಸೋಸರು ಪಶ್ಚಿಮ ಏಷ್ಯಾ ಮೂಲದವರು. ಬಾಳ್‌ಗೆ ಸರಿಸಮನಾದ ಈಜಿಪ್ಟಿನ ದೇವರು ಯಾರೆಂದು ಹುಡುಕಿದರೆ ಸಿಗುವವನು ಸೆತ್ ಒಬ್ಬನೇ.

ಹಿಕ್ಸೋಸರನ್ನು ಓಡಿಸಿದ ಮೇಲೂ ಈ ಜೋಡಣೆ ಉಳಿಯಿತು. 2ನೇ ರಾಮ್ಸೆಸನ ಕಾಲದ, ತಾನಿಸ್‌ನಲ್ಲಿ ಸಿಕ್ಕ '400 ವರ್ಷದ ಶಾಸನ'ವನ್ನು ಗಮನಿಸಿ. ಅದರಲ್ಲಿ ಸೆತ್‌ಗೆ ಪ್ರಾಣಿತಲೆಯಿಲ್ಲ. ಶಂಕುವಿನಾಕಾರದ ಕಿರೀಟ, ಅದಕ್ಕೆ ಕೋಡು, ಬೆನ್ನ ಹಿಂದೆ ಇಳಿಬಿದ್ದ ಉದ್ದ ಪಟ್ಟಿ, ಕುಚ್ಚುಳ್ಳ ಉಡುಪು: ಅಡಿಯಿಂದ ಮುಡಿಯವರೆಗೆ ಬಾಳ್. 'ವರ್ಷ 400, ಬೇಸಿಗೆಯ 4ನೇ ತಿಂಗಳು, 4ನೇ ದಿನ' ಎಂಬ ಅಲ್ಲಿನ ತೇದಿಯನ್ನು ಯಾವುದೋ ರಾಜನ ಆಳ್ವಿಕೆಯೆಂದು ಓದಿದರೆ ಎಡವಿದಂತೆ. ಆ ವರ್ಷಗಳು ಸೆತ್‌ನವೇ, ಅವನನ್ನೇ ಅಲ್ಲಿ ರಾಜನೆಂದು ಕರೆದಿದ್ದಾರೆ.

ಕ್ರಿ.ಪೂ. 1259ರಲ್ಲಿ ರಾಮ್ಸೆಸನಿಗೂ ಅನಟೋಲಿಯಾದ ಹತ್ತಿ ಎಂಬ ನಾಡನ್ನು ಆಳುತ್ತಿದ್ದ ಹಿಟೈಟ್ ದೊರೆ 3ನೇ ಹತ್ತುಸಿಲಿಗೂ ಒಪ್ಪಂದವಾಯಿತು. ಸಾಕ್ಷಿಗಳಾಗಿ ಹಿಟೈಟರ ಊರೂರಿನ ಗುಡುಗಿನ ದೇವರುಗಳು ಬರಬೇಕಿತ್ತು. ಕಾರ್ನಾಕ್ ಗೋಡೆಯ ಮೇಲೆ ಅದನ್ನು ಈಜಿಪ್ಟಿನ ಭಾಷೆಯಲ್ಲಿ ಕೆತ್ತಿದಾಗ 'ಹತ್ತಿಯ ಸೆತ್', 'ಅರಿನ್ನದ ಸೆತ್', 'ಅಲೆಪ್ಪೊದ ಸೆತ್' ಎಂದು ಸಾಲಾಗಿ ಬರೆದರು. ಇದಕ್ಕೂ ಸುಮಾರು ಒಂದು ಶತಮಾನ ಮೊದಲು ಹಿಟೈಟರು ಉತ್ತರ ಸಿರಿಯಾದ ಮಿತನ್ನಿ ರಾಜ್ಯದೊಡನೆ ಮಾಡಿಕೊಂಡ ಒಪ್ಪಂದದ ಸಾಕ್ಷಿಪಟ್ಟಿಯಲ್ಲಿ ಮಿತ್ರ, ವರುಣ, ನಾಸತ್ಯರ ಜೊತೆ ಇಂದ್ರನಿದ್ದಾನೆ. ಕಾಲ ಗೊತ್ತಿರುವ ಬರಹಗಳಲ್ಲಿ ಇಂದ್ರನ ಹೆಸರು ಸಿಗುವ ಅತಿ ಹಳೆಯದು ಅದೇ. ಆದರೆ ಅಲ್ಲಿ ಗುಡುಗಿನ ಗದ್ದುಗೆ ಆಗಲೇ ತೆಶುಬ್‌ನದಾಗಿತ್ತು, ಇಂದ್ರ ಸಾಲಿನಲ್ಲಿ ಒಬ್ಬ ಅಷ್ಟೇ.

ಒಪ್ಪಂದದ ಬಳಿಕ, ರಾಮ್ಸೆಸನ 34ನೇ ವರ್ಷದಲ್ಲಿ, ಹಿಟೈಟ್ ರಾಜಕುಮಾರಿ ಮದುವೆಗೆಂದು ಹೊರಟದ್ದು ಚಳಿಗಾಲದಲ್ಲಿ. ದಾರಿಯಲ್ಲಿ ಹಿಮ ಬೀಳದಿರಲಿ, ಮಳೆ ತಡೆಯಲಿ ಎಂದು ಫೇರೋ ಸೆತ್‌ಗೆ ಕಾಣಿಕೆ ಕೊಟ್ಟನೆಂದೂ ಚಳಿಗಾಲದಲ್ಲೇ ಬೇಸಿಗೆಯ ಹವೆ ಬಂತೆಂದೂ ಅಬು ಸಿಂಬೆಲ್ ಶಾಸನ ಹೇಳುತ್ತದೆ. ಈಜಿಪ್ಟಿನವರು ಗುಡುಗಿನ ದೇವರನ್ನು ಬೇಡಿಕೊಂಡದ್ದು ಮಳೆ ನಿಲ್ಲಿಸು ಎಂದು!

ಮುಜುಗರವೂ ಜೊತೆಗೇ ಇತ್ತು. ರಾಮ್ಸೆಸನ ತಂದೆ ಸೇತಿಯ ಹೆಸರಿನ ಅರ್ಥವೇ 'ಸೆತ್‌ನವನು'. ಆದರೆ ಸೆತ್ ಕೊಂದ ಅವನದೇ ಅಣ್ಣ ಒಸಿರಿಸ್‌ನ ಸನ್ನಿಧಿಯಾದ ಅಬೈಡೋಸ್‌ನಲ್ಲಿ ಆ ಹೆಸರು ಬರೆಯುವಾಗ ಸೆತ್‌ನ ಚಿಹ್ನೆ ತೆಗೆದು ಒಸಿರಿಸ್‌ನ ಚಿಹ್ನೆ ಕೂರಿಸಿದ್ದಾರೆ.

ಕೊನೆಗೆ ಅಸ್ಸೀರಿಯನ್ನರು, ಪರ್ಷಿಯನ್ನರು ನಾಡನ್ನು ಗೆದ್ದ ಶತಮಾನಗಳಲ್ಲಿ 'ಪರದೇಶದ ದೇವರು' ಎಂಬ ಪಟ್ಟವೇ ಸೆತ್‌ಗೆ ಮುಳುವಾಯಿತು. ಅವನ ಚಿತ್ರಗಳನ್ನು ಕೆತ್ತಿ ಅಳಿಸಿದರು. ಗ್ರೀಕರು ಅವನನ್ನು ತಮ್ಮ ಟೈಫನ್ ರಾಕ್ಷಸನೆಂದು ಗುರುತಿಸಿದರು. ಎಡ್ಫು ದೇವಾಲಯದ ಉತ್ಸವದಲ್ಲಿ ಒಸಿರಿಸನ ಮಗ ಹೋರಸ್ ಹತ್ತು ಈಟಿಗಳಿಂದ ನೀರ್ಗುದುರೆಯ ರೂಪದ ಸೆತ್‌ನನ್ನು ತಿವಿಯುತ್ತಿದ್ದ. ಕಡೆಗೆ ನೀರ್ಗುದುರೆಯ ಆಕಾರದ ರೊಟ್ಟಿಯನ್ನು ಕತ್ತರಿಸುತ್ತಿದ್ದರು. ನದಿಯಿಂದ ದೂರದ ದಾಖ್ಲಾ ಓಯಸಿಸ್‌ನಲ್ಲಿ ಮಾತ್ರ ರೋಮನ್ನರ ಕಾಲದವರೆಗೂ ಸೆತ್‌ಗೆ ಪೂಜೆ ನಡೆಯುತ್ತಿತ್ತು. ಪಕ್ಕದ ಖಾರ್ಗಾದ ಹಿಬಿಸ್ ದೇವಾಲಯದ ಗೋಡೆಯ ಮೇಲೆ ಅವನು ಇಂದಿಗೂ ಇದ್ದಾನೆ: ಗಿಡುಗದ ತಲೆ, ಬಿಚ್ಚಿದ ರೆಕ್ಕೆ, ಕಾಲಡಿಯಲ್ಲಿ ಹಾವು, ಕೈಯಲ್ಲಿ ಭರ್ಜಿ.