ಅಂಗೈಯ ಆಟ, ಗೋಡೆಯ ಟಿವಿ

ಮಾಡ್ ಮಾಡಿದ, ಅಂದರೆ ಕಂಪನಿ ಒಪ್ಪದ ಪ್ರೋಗ್ರಾಂಗಳನ್ನೂ ಓಡಿಸುವಂತೆ ತಿದ್ದಿದ, ನಿಂಟೆಂಡೊದ ವೀ ಕನ್ಸೋಲ್ (ಟಿವಿಗೆ ಜೋಡಿಸಿ ಆಡುವ ಯಂತ್ರ) ಹಿಡಿದುಕೊಂಡು ನನ್ನ ಬೆಂಚಿನ ತನಕ ಬರುವವರ ದೂರು ಹೆಚ್ಚುಕಡಿಮೆ ಒಂದೇ: ‘ಗೇಮ್ ಬಾಯ್ ಅಡ್ವಾನ್ಸ್ ಆಟಗಳು ಓಡುತ್ತವೆ, ಆದರೆ ಏನೋ ಸರಿ ಇಲ್ಲ.’ ಆ ‘ಏನೋ’ ಏನು ಅಂತ ಕೇಳಿದರೆ ಕೈ ಆಡಿಸುತ್ತಾರೆ. ಒಬ್ಬರಿಗೆ ಚಿತ್ರ ಮಸುಕು, ಇನ್ನೊಬ್ಬರಿಗೆ ಓಟದಲ್ಲಿ ಸಣ್ಣ ಮುಗ್ಗರಿಕೆ, ಮತ್ತೊಬ್ಬರಿಗೆ ಬಣ್ಣ ಕಣ್ಣಿಗೆ ರಾಚುತ್ತದೆ. ಕನ್ಸೋಲಿಗೆ ಶಕ್ತಿ ಸಾಲದು ಅಂತ ಅವರೇ ತೀರ್ಪು ಕೊಟ್ಟುಕೊಂಡು ಬಂದಿರುತ್ತಾರೆ.

ಶಕ್ತಿಯ ಮಾತು ಮೊದಲು ಮುಗಿಸಿಬಿಡೋಣ. 2001ರಲ್ಲಿ ಬಂದ, ಅಂಗೈಯಲ್ಲಿ ಹಿಡಿದು ಆಡುವ ಗೇಮ್ ಬಾಯ್ ಅಡ್ವಾನ್ಸ್‌ನ ಪ್ರೊಸೆಸರ್ ಓಡುವುದು ಸುಮಾರು 16.78 ಮೆಗಾಹರ್ಟ್ಸ್‌ನಲ್ಲಿ. 2006ರ ವೀ ಓಡುವುದು 729 ಮೆಗಾಹರ್ಟ್ಸ್‌ನಲ್ಲಿ. ಒಂದು ಯಂತ್ರದ ಒಂದೊಂದು ಆದೇಶವನ್ನೂ ಇನ್ನೊಂದು ಯಂತ್ರದ ಹಲವು ಆದೇಶಗಳಾಗಿ ಬಿಡಿಸಿ ನಡೆಸಬೇಕಾದ್ದರಿಂದ ಎಮ್ಯುಲೇಟರಿಗೆ, ಅಂದರೆ ಒಂದು ಯಂತ್ರದೊಳಗೆ ಇನ್ನೊಂದರ ವೇಷ ಹಾಕುವ ಪ್ರೋಗ್ರಾಮಿಗೆ, ಇಂಥ ಹೆಚ್ಚುವರಿ ಬಲ ಬೇಕೇ ಬೇಕು. ಆದರೂ ಎಮ್‌ಜಿಬಿಎ ತರಹದ ಒಳ್ಳೆಯ ಎಮ್ಯುಲೇಟರ್ ವೀ ಮೇಲೆ ಬಹುಪಾಲು ಆಟಗಳನ್ನು ಪೂರ್ತಿ ವೇಗದಲ್ಲೇ ಓಡಿಸುತ್ತದೆ. ತೊಂದರೆ ಇರುವುದು ಬೇರೆ ಕಡೆ. ಈ ಆಟಗಳನ್ನು ಬರೆದವರ ಕಣ್ಣ ಮುಂದೆ ಇದ್ದದ್ದು ಒಂದೇ ಒಂದು ಪರದೆ: ಇಷ್ಟೇ ಅಗಲ, ಇಷ್ಟೇ ವೇಗ, ಇಷ್ಟೇ ಬೆಳಕು. ಆ ಪರದೆ ಬದಲಾದ ಕೂಡಲೇ ಅದರ ಮೇಲೆ ಕಟ್ಟಿದ ಲೆಕ್ಕಗಳೆಲ್ಲ ಅಲುಗಾಡುತ್ತವೆ.

ಮೊದಲು ಅಳತೆ. ಅಡ್ವಾನ್ಸ್ ಪರದೆಯಲ್ಲಿ ಅಡ್ಡಕ್ಕೆ 240, ಉದ್ದಕ್ಕೆ 160 ಪಿಕ್ಸೆಲ್. ವೀ ಸಾಮಾನ್ಯವಾಗಿ ಚಿತ್ರ ಬಿಡಿಸುವುದು 640ಕ್ಕೆ 480ರ ಹಾಳೆಯ ಮೇಲೆ. ಟಿವಿ ತುಂಬ ಕಾಣಲಿ ಅಂತ 240ನ್ನು 640ಕ್ಕೆ ಎಳೆದರೆ ಹಿಗ್ಗುವುದು 2.67 ಪಟ್ಟು. ಪಿಕ್ಸೆಲನ್ನು ಮುರಿಯಲು ಬರುವುದಿಲ್ಲವಲ್ಲ! ಹಾಗಾಗಿ ಮೊದಲ ಕಂಬಸಾಲಿಗೆ ಮೂರು ಪಿಕ್ಸೆಲ್, ಎರಡನೆಯದಕ್ಕೆ ಮೂರು, ಮೂರನೆಯದಕ್ಕೆ ಎರಡು, ಮತ್ತೆ ಮೂರು, ಮೂರು, ಎರಡು, ಹೀಗೆ ಹಂಚಿಕೆಯಾಗುತ್ತದೆ. ನಿಂತ ಚಿತ್ರದಲ್ಲಿ ಇದು ಗೊತ್ತೇ ಆಗುವುದಿಲ್ಲ. ಆಟದ ಹುಡುಗ ಬಲಕ್ಕೆ ಓಡತೊಡಗಿ ಹಿನ್ನೆಲೆ ಸರಿಯಲಿ, ಆಗ ನೋಡಿ: ಒಂದೇ ಪಿಕ್ಸೆಲ್ ದಪ್ಪದ ಬೇಲಿಗೂಟ ಒಂದು ಕ್ಷಣ ದಪ್ಪ, ಮರುಕ್ಷಣ ತೆಳು, ಮತ್ತೆ ದಪ್ಪ. ಬೇಲಿಯುದ್ದಕ್ಕೂ ನೀರಿನ ಅಲೆಯಂತೆ ಒಂದು ಮಿನುಗು ಹರಿದುಹೋಗುತ್ತದೆ. ಮುಖದ ಮೇಲಿನ ಕಣ್ಣು ಅಗಲವಾಗುತ್ತದೆ, ಕಿರಿದಾಗುತ್ತದೆ. ಇದನ್ನು ಮುಚ್ಚಲು ಫಿಲ್ಟರ್ ಹಾಕಿದರೆ ಮಿನುಗು ಹೋಗುತ್ತದೆ, ಜೊತೆಗೆ ಚೂಪೂ ಹೋಗುತ್ತದೆ. ‘ಮಸುಕು’ ಅನ್ನುವವರ ಯಂತ್ರದಲ್ಲಿ ಫಿಲ್ಟರ್ ಆನ್ ಆಗಿರುತ್ತದೆ, ‘ಏನೋ ಅದುರುತ್ತೆ’ ಅನ್ನುವವರದರಲ್ಲಿ ಆಫ್ ಆಗಿರುತ್ತದೆ. ಕಾಯಿಲೆ ಒಂದೇ.

ನಾನು ಮಾಡುವುದು ಪೂರ್ಣಾಂಕ ಪಟ್ಟು. ಎರಡು ಪಟ್ಟಿಗೆ ಹಿಗ್ಗಿಸಿದರೆ 480ಕ್ಕೆ 320. ಸುತ್ತಲೂ 80 ಪಿಕ್ಸೆಲ್‌ಗಳ ಕಪ್ಪು ಅಂಚು ಉಳಿಯುತ್ತದೆ. ಗಿರಾಕಿಗಳಿಗೆ ಇದು ಮೊದಲು ಹಿಡಿಸುವುದಿಲ್ಲ, ಇಷ್ಟು ದೊಡ್ಡ ಟಿವಿ ಇಟ್ಟುಕೊಂಡು ಇಷ್ಟೇನಾ ಅಂತ ಮುಖ ಸಣ್ಣಗೆ ಮಾಡುತ್ತಾರೆ. ಅದೇ ಆಟವನ್ನು ಎರಡೂ ರೀತಿಯಲ್ಲಿ ಓಡಿಸಿ ತೋರಿಸಿದ ಮೇಲೆ ವಾದ ಅಲ್ಲಿಗೆ ನಿಲ್ಲುತ್ತದೆ. ಇನ್ನೊಂದು ಸ್ವಾರಸ್ಯ: 160ರ ಮೂರು ಪಟ್ಟು ಸರಿಯಾಗಿ 480. ಎತ್ತರ ಅಳೆದು ಮಾಡಿಸಿದ ಹಾಗೆ ಕೂರುತ್ತದೆ. ಅಗಲ ಮಾತ್ರ 720 ಆಗಿ 640ರ ಹಾಳೆಯನ್ನು ಮೀರುತ್ತದೆ. ಹಳೆಯ ಗಾಜಿನ ಟಿವಿಗಳಂತೂ ನಾಲ್ಕೂ ಅಂಚಿನಲ್ಲಿ ಒಂದಿಷ್ಟು ಚಿತ್ರವನ್ನು ಚೌಕಟ್ಟಿನ ಹಿಂದೆ ನುಂಗುತ್ತವೆ, ಆಗ ಮೂಲೆಯಲ್ಲಿರುವ ಜೀವದ ಪಟ್ಟಿಯೇ ಕಾಣೆ.

ಅಗಲ ಟಿವಿ ಇದ್ದವರು ಇನ್ನೊಂದು ಸೆಟ್ಟಿಂಗನ್ನೂ ನೋಡಬೇಕು. ವೀ 16:9 ಅಂದರೂ ಕಳಿಸುವುದು ಅದೇ ಹಾಳೆಯನ್ನು, ಅಗಲಕ್ಕೆ ಎಳೆದುಕೊಳ್ಳುವ ಕೆಲಸ ಟಿವಿಯದು. ಅಡ್ವಾನ್ಸ್ ಆಟದ ಆಕಾರ 3:2, ಎಳೆದರೆ ಎಲ್ಲರೂ ಕುಳ್ಳಗೆ, ದಪ್ಪಗೆ ಕಾಣುತ್ತಾರೆ. ಕನ್ಸೋಲ್ ಮತ್ತು ಟಿವಿ ಎರಡನ್ನೂ 4:3ಕ್ಕೆ ಇಡಿ, ಇದರಲ್ಲಿ ಚೌಕಾಸಿ ಬೇಡ. ಕೇಬಲ್ ಕೂಡ ಅಷ್ಟೇ. ಹಳದಿ ಪಿನ್ನಿನ ಕೇಬಲ್‌ನಲ್ಲಿ ಸರಿ-ಬೆಸ ಗೆರೆಗಳು ಸರದಿಯಂತೆ ಬರುವ 480ಐ ಮಾತ್ರ ಸಿಗುತ್ತದೆ. ಕಾಂಪೊನೆಂಟ್ ಕೇಬಲ್ ಹಾಕಿ 480ಪಿ ಮಾಡಿದರೆ ಎಲ್ಲ ಗೆರೆಗಳೂ ಒಟ್ಟಿಗೆ ಬರುತ್ತವೆ. ಟಿವಿಗೆ ಗೆರೆ ಹೊಲಿಯುವ ಕೆಲಸ ತಪ್ಪುವುದರಿಂದ ಗುಂಡಿ ಒತ್ತಿದ್ದಕ್ಕೂ ಹುಡುಗ ಹಾರಿದ್ದಕ್ಕೂ ನಡುವಿನ ವಿಳಂಬವೂ ಕಡಿಮೆಯಾಗುತ್ತದೆ. ಟಿವಿಯಲ್ಲಿ ಗೇಮ್ ಮೋಡ್ ಇದ್ದರೆ ಅದನ್ನು ಹಾಕಿಯೇ ಮುಂದಿನ ಮಾತು.

ಎರಡನೆಯದು ಕಾಲದ ಲೆಕ್ಕ. ಅಡ್ವಾನ್ಸ್ ಒಂದು ಫ್ರೇಮ್, ಅಂದರೆ ಪರದೆಯ ಒಂದು ಇಡೀ ಚಿತ್ರ, ಮುಗಿಸಲು 2,80,896 ಗಡಿಯಾರ ಬಡಿತ ತೆಗೆದುಕೊಳ್ಳುತ್ತದೆ. ಅದರ ವೇಗಕ್ಕೆ ಭಾಗಿಸಿದರೆ ಸೆಕೆಂಡಿಗೆ 59.73 ಫ್ರೇಮ್. ಟಿವಿಯ ಲೆಕ್ಕ 59.94. ಕಾಲು ಫ್ರೇಮ್ ಕೂಡ ಇಲ್ಲದ ಈ ಅಂತರ ಕೂಡುತ್ತಾ ಹೋಗಿ, ಐದು ಸೆಕೆಂಡಿಗೆ ಕೊಂಚ ಮೊದಲೇ ಒಂದು ಇಡೀ ಫ್ರೇಮ್ ಆಗುತ್ತದೆ. ಆಗ ಟಿವಿ ಹೊಸ ಚಿತ್ರ ಕೇಳುತ್ತದೆ, ಆಟದ ಹತ್ತಿರ ಇನ್ನೂ ತಯಾರಿಲ್ಲ. ಹಳೆಯದನ್ನೇ ಮತ್ತೊಮ್ಮೆ ತೋರಿಸಬೇಕು. ಒಂದೇ ಸಮನೆ ಸರಿಯುವ ಹಿನ್ನೆಲೆಯಲ್ಲಿ ಕಾಣುವ ಸಣ್ಣ ಮುಗ್ಗರಿಕೆ ಇದೇ. ಇದಕ್ಕೆ ಎರಡು ದಾರಿ: ಮುಗ್ಗರಿಕೆಯನ್ನು ಒಪ್ಪಿಕೊಳ್ಳುವುದು, ಇಲ್ಲವೇ ಆಟವನ್ನೇ ಟಿವಿಯ ತಾಳಕ್ಕೆ ಕಟ್ಟಿ ಶೇ. 0.36ರಷ್ಟು ವೇಗ ಹೆಚ್ಚಿಸುವುದು. ನಾನು ಎರಡನೆಯದರ ಪರ. ಅಷ್ಟು ಸಣ್ಣ ಬದಲಾವಣೆ ಸಂಗೀತದ ಶ್ರುತಿಯಲ್ಲಿ ಯಾರ ಕಿವಿಗೂ ಬೀಳುವುದಿಲ್ಲ. ಸೆಕೆಂಡುಗಳ ಲೆಕ್ಕದಲ್ಲಿ ದಾಖಲೆ ಮಾಡಲು ಹೊರಟ ಸ್ಪೀಡ್‌ರನ್ನರ್‌ಗಳಿಗೆ ಮಾತ್ರ ಇದು ನಡೆಯದು. ಕನ್ಸೋಲ್ 50 ಹರ್ಟ್ಸ್‌ನಲ್ಲಿದ್ದರಂತೂ ಸೆಕೆಂಡಿಗೆ ಹತ್ತಿರಹತ್ತಿರ ಹತ್ತು ಫ್ರೇಮ್ ಎಸೆಯಬೇಕಾಗುತ್ತದೆ, ಅದು ಮುಗ್ಗರಿಕೆಯಲ್ಲ, ಕುಂಟುವಿಕೆ. ಮೊದಲು 60 ಹರ್ಟ್ಸ್‌ಗೆ ಬದಲಿಸಿ, ಆಮೇಲೆ ಎಮ್ಯುಲೇಟರನ್ನು ಬೈಯಿರಿ.

ಈ ಗೋಳು ಮಾಡ್ ಮಾಡಿದವರದಷ್ಟೇ ಅಂದುಕೊಳ್ಳಬೇಡಿ. ನಿಂಟೆಂಡೊ 1994ರಲ್ಲಿ ತಾನೇ ಹೊರತಂದ, ಗೇಮ್ ಬಾಯ್ ಆಟಗಳನ್ನು ಟಿವಿಯಲ್ಲಿ ಆಡಿಸುವ ಸೂಪರ್ ಗೇಮ್ ಬಾಯ್ ಒಳಗೆ ಅಸಲಿ ಗೇಮ್ ಬಾಯ್‌ನ ಹಾರ್ಡ್‌ವೇರೇ ಇತ್ತು. ಆದರೆ ಗಡಿಯಾರದ ಬಡಿತವನ್ನು ಸೂಪರ್ ನಿಂಟೆಂಡೊ ಕನ್ಸೋಲ್‌ನಿಂದ ಕಡ ತಂದದ್ದು. ಪರಿಣಾಮ, ಆಟಗಳು ಶೇ. 2.4ರಷ್ಟು ಬೇಗ ಓಡಿದವು, ಸಂಗೀತವೂ ಅಷ್ಟೇ ಏರುಶ್ರುತಿಯಲ್ಲಿ ಕೇಳಿಸಿತು. 1998ರಲ್ಲಿ ಜಪಾನಿನಲ್ಲಿ ಬಂದ ಎರಡನೇ ಆವೃತ್ತಿಗೆ ಬಡಿತ ಕೊಡುವ ಸ್ವಂತ ಸ್ಫಟಿಕ ಕೊಟ್ಟ ಮೇಲೆ ಇದು ಸರಿಹೋಯಿತು.

ಮೂರನೆಯದು ಬಣ್ಣ. ಮೊದಲ ಅಡ್ವಾನ್ಸ್ ಪರದೆಗೆ ಸ್ವಂತ ಬೆಳಕೇ ಇರಲಿಲ್ಲ. ಕಿಟಕಿಯ ಹತ್ತಿರವೋ ದೀಪದ ಕೆಳಗೋ ಕೂತು ಆಡಬೇಕಿತ್ತು, ಬೆಳಕಿರುವ ಎಸ್‌ಪಿ ಮಾದರಿ ಬಂದದ್ದು 2003ರಲ್ಲಿ. ಆ ಮಂಕು ಪರದೆಯಲ್ಲಿ ಕಾಣಲಿ ಅಂತ ಅನೇಕ ಆಟಗಳಲ್ಲಿ ಬಣ್ಣವನ್ನು ಬೇಕೆಂದೇ ಏರಿಸಿ ಬಳಿದಿದ್ದಾರೆ. ಅದೇ ಬಣ್ಣ ಟಿವಿಯಲ್ಲಿ ಚೀರುತ್ತದೆ: ಹುಲ್ಲು ವಿಷದ ಹಸಿರು, ಮುಖ ಸುಣ್ಣ. ಎಮ್ಯುಲೇಟರ್‌ಗಳಲ್ಲಿ ಬಣ್ಣ ತಿದ್ದುವ ಆಯ್ಕೆ ಸಿಗುತ್ತದೆ, ಹಳೆಯ ಆಟಗಳಿಗೆ ಅದನ್ನು ಹಾಕಿ. ಎಸ್‌ಪಿ ಬಂದ ಮೇಲಿನ ಆಟಗಳಲ್ಲಿ ಅದು ಚಿತ್ರವನ್ನು ಇನ್ನಷ್ಟು ಮಬ್ಬು ಮಾಡೀತು, ಒಂದೊಂದನ್ನೂ ನೋಡಿಯೇ ತೀರ್ಮಾನಿಸಬೇಕು.

ಇದಕ್ಕಿಂತ ಮಜವಾದದ್ದು ನೆರಳಿನ ಸಮಸ್ಯೆ. ‘ಹೀರೋ ಕಾಲ ಕೆಳಗಿನ ನೆರಳು ಪಟಪಟ ಮಿಟುಕುತ್ತಿದೆ, ಎಮ್ಯುಲೇಟರ್ ಹಾಳಾಗಿದೆ’ ಅಂತ ಒಬ್ಬರು ಕನ್ಸೋಲ್ ಬಿಟ್ಟುಹೋಗಿದ್ದರು. ಹಾಳಾದದ್ದು ಏನೂ ಇರಲಿಲ್ಲ. ಆ ಕಾಲದ ಎಲ್‌ಸಿಡಿ ಬಲು ನಿಧಾನಿ, ಒಂದು ಚಿತ್ರ ಮಾಸುವ ಮೊದಲೇ ಇನ್ನೊಂದು ಬಂದು ಕೂರುತ್ತಿತ್ತು. ಪ್ರೋಗ್ರಾಮರ್‌ಗಳು ಈ ದೋಷವನ್ನೇ ದುಡಿಸಿಕೊಂಡರು. ನೆರಳನ್ನು ಒಂದು ಫ್ರೇಮ್ ಬಿಟ್ಟು ಒಂದು ಫ್ರೇಮಿನಲ್ಲಿ ಬಿಡಿಸಿದರೆ ಆ ಪರದೆಯಲ್ಲಿ ಅದು ಅರೆಪಾರದರ್ಶಕವಾಗಿ ಕಾಣುತ್ತಿತ್ತು, ಪ್ರೊಸೆಸರಿಗೆ ಖರ್ಚೂ ಇಲ್ಲ. ಟಿವಿ ಆ ಪರದೆಯಷ್ಟು ನಿಧಾನವಲ್ಲವಾದ್ದರಿಂದ ಗುಟ್ಟು ರಟ್ಟಾಗುತ್ತದೆ. ಎರಡು ಫ್ರೇಮ್‌ಗಳನ್ನು ಬೆರೆಸಿ ತೋರಿಸುವ ಆಯ್ಕೆ ಆನ್ ಮಾಡಿದೆ, ನೆರಳು ನೆರಳಾಯಿತು. ಎಲ್ಲ ಆಟಕ್ಕೂ ಇದನ್ನು ಹಾಕಿಡುವುದು ಬೇಡ, ಓಡುವ ವಸ್ತುಗಳ ಹಿಂದೆ ದೆವ್ವದಂಥ ಬಾಲ ಬೆಳೆಯುತ್ತದೆ.

ಎಮ್ಯುಲೇಟರ್ ಗೊಡವೆಯೇ ಬೇಡ ಅನ್ನುವವರಿಗೆ ವೀಗಿಂತ ಹಿಂದಿನ ನಿಂಟೆಂಡೊ ಕನ್ಸೋಲ್ ಗೇಮ್‌ಕ್ಯೂಬ್ ಇದೆ. 2003ರಲ್ಲಿ ಅದರ ತಳಕ್ಕೆ ಕಚ್ಚಿಸುವ ಗೇಮ್ ಬಾಯ್ ಪ್ಲೇಯರ್ ಬಂತು, ಒಳಗಿರುವುದು ಅಡ್ವಾನ್ಸ್‌ನದೇ ಹಾರ್ಡ್‌ವೇರ್. ಆಟ ತುಂಬಿದ ಕಾರ್ಟ್ರಿಜ್ ಹಾಕು, ಟಿವಿಯಲ್ಲಿ ಆಡು. ತೊಡಕು ಒಂದೇ, ಅದನ್ನು ಎಬ್ಬಿಸಲು ಜೊತೆಗೆ ಕೊಟ್ಟಿದ್ದ ಡಿಸ್ಕ್ ಬೇಕು, ಸೆಕೆಂಡ್‌ಹ್ಯಾಂಡ್ ಆಗಿ ಕೈಸೇರುವ ಪ್ಲೇಯರ್‌ಗಳಲ್ಲಿ ಎಷ್ಟೋ ಸಲ ಆ ಡಿಸ್ಕೇ ಇರುವುದಿಲ್ಲ. ಇಲ್ಲಿ ಮಾಡ್ ನಿಜಕ್ಕೂ ಅರ್ಥಪೂರ್ಣ. ಸ್ವಿಸ್ ಅನ್ನುವ, ಹವ್ಯಾಸಿಗಳೇ ಬರೆದ ಹೋಮ್‌ಬ್ರೂ ಮೂಲಕ ಗೇಮ್ ಬಾಯ್ ಇಂಟರ್‌ಫೇಸ್ ಎಂಬ ಪ್ರೋಗ್ರಾಂ ಹತ್ತಿಸಿದರೆ ಡಿಸ್ಕ್ ಬೇಡವೇ ಬೇಡ. ಅಷ್ಟೇ ಅಲ್ಲ, ಅಸಲಿ ಡಿಸ್ಕಿನ ಮಂಕು ಚಿತ್ರಕ್ಕಿಂತ ಇದರದು ಎಷ್ಟೋ ಚೊಕ್ಕ, ವಿಳಂಬವೂ ಕಡಿಮೆ. ಕಾರ್ಟ್ರಿಜ್‌ಗಳು ಕೈಯಲ್ಲಿದ್ದವರು ಕೇಳಿದರೆ ನಾನು ಈ ದಾರಿಯನ್ನೇ ಹೇಳುತ್ತೇನೆ. ಒಂದು ತಮಾಷೆ ಮಾತ್ರ ತಪ್ಪಿದ್ದಲ್ಲ: ಯಂತ್ರವನ್ನೇ ವಾಲಿಸಿ ಆಡುವ ಕೆಲವು ಆಟಗಳ ಸಂವೇದಕ ಕಾರ್ಟ್ರಿಜ್ ಒಳಗೇ ಇರುವುದರಿಂದ, ಇಲ್ಲಿ ವಾಲಿಸಬೇಕಾದ್ದು ಇಡೀ ಗೇಮ್‌ಕ್ಯೂಬನ್ನು!

ಪ್ಲೇಯರ್ ಇಲ್ಲದ ಗೇಮ್‌ಕ್ಯೂಬ್‌ನಲ್ಲಿ ಎಮ್ಯುಲೇಟರ್ ಓಡಿಸುವುದು ಬೇರೆಯೇ ಕಥೆ. ಅಡ್ವಾನ್ಸ್ ಆಟ 32 ಮೆಗಾಬೈಟ್‌ವರೆಗೂ ಇರಬಹುದು, ಗೇಮ್‌ಕ್ಯೂಬ್‌ನ ಮುಖ್ಯ ಮೆಮೊರಿ 24 ಮೆಗಾಬೈಟ್. ಜೊತೆಗೆ 16 ಮೆಗಾಬೈಟ್‌ನ ಇನ್ನೊಂದು ಮೆಮೊರಿ ಇದೆಯಾದರೂ ಪ್ರೊಸೆಸರ್ ಅದನ್ನು ನೇರ ಮುಟ್ಟುವಂತಿಲ್ಲ, ತುಂಡುತುಂಡಾಗಿ ಈಚೆ ತಂದುಕೊಳ್ಳಬೇಕು. ದೊಡ್ಡ ಆಟಗಳು ಅಲ್ಲಿ ತಡವರಿಸುವುದು ಇದಕ್ಕೇ. ವೀಗೆ 64 ಮೆಗಾಬೈಟ್ ಹೆಚ್ಚುವರಿ ಇರುವುದರಿಂದ ಆ ತಲೆನೋವಿಲ್ಲ.

ಜನ ನಿಜಕ್ಕೂ ಕಣ್ಣೀರು ಹಾಕುವುದು ಚಿತ್ರಕ್ಕಲ್ಲ, ಸೇವ್‌ಗೆ. ಅಸಲಿ ಕಾರ್ಟ್ರಿಜ್‌ಗಳಲ್ಲಿ ಆಟ ಉಳಿಸುವ ಚಿಪ್ ಒಂದೇ ಬಗೆಯದಲ್ಲ. ಬ್ಯಾಟರಿ ಆಸರೆಯ ಎಸ್‌ರಾಮ್, ಈಪ್ರಾಮ್, 64 ಅಥವಾ 128 ಕಿಲೋಬೈಟ್ ಫ್ಲ್ಯಾಶ್, ಹೀಗೆ. ಯಾವ ಆಟಕ್ಕೆ ಯಾವುದು ಅಂತ ಎಮ್ಯುಲೇಟರ್ ತಾನೇ ಪತ್ತೆ ಹಚ್ಚಬೇಕು. ತಪ್ಪಾಗಿ ಊಹಿಸಿದರೆ ಆಟ ‘ಉಳಿಸಿದೆ’ ಅನ್ನುತ್ತದೆ, ಮರುದಿನ ತೆರೆದರೆ ಖಾಲಿ. ಆದ್ದರಿಂದ ಹೊಸ ಆಟ ಹಾಕಿದ ಮೊದಲ ಹತ್ತು ನಿಮಿಷದಲ್ಲೇ ಒಮ್ಮೆ ಸೇವ್ ಮಾಡಿ, ಪೂರ್ತಿ ಹೊರಬಂದು, ಕನ್ಸೋಲ್ ಆರಿಸಿ, ಮತ್ತೆ ತೆರೆದು ನೋಡಿ. ಆಟ ಚಿಪ್‌ಗೆ ಬರೆದದ್ದು ಆ ಕ್ಷಣಕ್ಕೇ ಎಸ್‌ಡಿ ಕಾರ್ಡ್ ತಲುಪಿರುತ್ತದೆ ಎಂಬ ಖಾತ್ರಿಯೂ ಇಲ್ಲ. ಪವರ್ ಗುಂಡಿ ಒತ್ತಿ ಹಿಡಿದು ಆರಿಸುವ ಅಭ್ಯಾಸ ಇದ್ದವರೇ ಹೆಚ್ಚು ಕಳೆದುಕೊಳ್ಳುವವರು. ಮೆನುವಿನಿಂದಲೇ ಹೊರಬನ್ನಿ.

ಎಮ್ಯುಲೇಟರ್‌ನ ಸೇವ್ ಸ್ಟೇಟ್‌ಗೂ ಆಟದೊಳಗಿನ ಸೇವ್‌ಗೂ ವ್ಯತ್ಯಾಸವಿದೆ. ಸ್ಟೇಟ್ ಅನ್ನುವುದು ಆ ಕ್ಷಣದ ಇಡೀ ಯಂತ್ರದ ನಕಲು. ಎಮ್ಯುಲೇಟರ್ ಆವೃತ್ತಿ ಬದಲಾದರೆ ಅದು ತೆರೆಯದೇ ಹೋಗಬಹುದು, ಬೇರೆ ಎಮ್ಯುಲೇಟರಿಗಂತೂ ಒಯ್ಯಲಾಗದು. ಆಟದೊಳಗಿನ ಸೇವ್ ಫೈಲನ್ನಾದರೆ ಕಂಪ್ಯೂಟರಿಗೋ ಇನ್ನೊಂದು ಯಂತ್ರಕ್ಕೋ ಸಾಗಿಸಿ ಮುಂದುವರಿಸಬಹುದು. ಗಟ್ಟಿ ಎದುರಾಳಿಯ ಮುಂದೆ ಸ್ಟೇಟ್ ಬಳಸಿ, ತಕರಾರಿಲ್ಲ. ರಾತ್ರಿ ಮಲಗುವ ಮುಂಚೆ ಆಟದೊಳಗೇ ಉಳಿಸಿ.

ಮಾಡ್ ಮಾಡುವ ಕೆಲಸದ ಬಗ್ಗೆ ಎರಡೇ ಮಾತು. ವೀಯಲ್ಲಿ ತಿರುಪುಳಿ ಮುಟ್ಟದೆಯೇ, ಹವ್ಯಾಸಿ ಪ್ರೋಗ್ರಾಂಗಳನ್ನು ತೆರೆಯುವ ಹೋಮ್‌ಬ್ರೂ ಚಾನೆಲ್ ಕೂರಿಸಬಹುದು, ಆದರೆ ಬೂಟ್‌ಮಿ ಎಂಬ ಪ್ರೋಗ್ರಾಂ ಬಳಸಿ ಒಳಗಿನ ಮೆಮೊರಿಯ ಪೂರ್ತಿ ಬ್ಯಾಕಪ್ ತೆಗೆಯದೆ ಬೇರೇನನ್ನೂ ಮುಟ್ಟಬೇಡಿ. ಆಟದ ಫೈಲ್‌ಗಳು ನಿಮ್ಮದೇ ಕಾರ್ಟ್ರಿಜ್‌ನಿಂದ ತೆಗೆದವಾಗಿರಲಿ. ಸಿಕ್ಕ ಕಡೆಯಿಂದ ಇಳಿಸಿಕೊಂಡ ಫೈಲ್ ಕಾನೂನಿಗೆ ವಿರುದ್ಧ ಅನ್ನುವುದು ಒಂದು ಕಡೆ, ತಿದ್ದಿದ, ಅರೆಬೆಂದ ನಕಲುಗಳೇ ಸೇವ್ ಗಲಾಟೆಗೆ ಎಷ್ಟೋ ಸಲ ಕಾರಣ ಅನ್ನುವುದು ನನ್ನ ಕೆಲಸದ ಕಡೆಯಿಂದ.

ಇನ್ನು ಉಳಿದ ಹ್ಯಾಂಡ್‌ಹೆಲ್ಡ್‌ಗಳು. ಸೋನಿಯ ಪಿಎಸ್‌ಪಿ ಪರದೆ 480ಕ್ಕೆ 272. ಸೋನಿಯ ಪ್ಲೇಸ್ಟೇಷನ್ ಟಿವಿ ಎಂಬ ಪುಟ್ಟ ಪೆಟ್ಟಿಗೆ 2013ರಲ್ಲಿ ಜಪಾನಿನಲ್ಲಿ ಮೊದಲು ಬಂತು, ಒಳಗಿರುವುದು ಪಿಎಸ್‌ಪಿಯ ಮುಂದಿನ ತಲೆಮಾರಾದ ವೀಟಾದ ಹಾರ್ಡ್‌ವೇರ್. ವೀಟಾ ಅಳತೆ 960ಕ್ಕೆ 544, ಅಂದರೆ ಪಿಎಸ್‌ಪಿಯ ಎರಡು ಪಟ್ಟು ಕರಾರುವಾಕ್ಕಾಗಿ. ಎಷ್ಟು ಚೆಂದ ಅಂದುಕೊಳ್ಳುವಷ್ಟರಲ್ಲಿ ಆ ಪೆಟ್ಟಿಗೆ 544 ಗೆರೆಗಳನ್ನು 720ಕ್ಕೆ ಎಳೆದು ಮತ್ತೆ ಅದೇ ಭಿನ್ನರಾಶಿಗೆ ತಂದು ನಿಲ್ಲಿಸುತ್ತದೆ.

ನಿಂಟೆಂಡೊ ಡಿಎಸ್ ಆಟ ವೀಯಲ್ಲಿ ಆಡಿಸಿಕೊಡಿ ಅಂತ ಕೇಳುವವರಿಗೆ ಮಾತ್ರ ನಾನು ಕೈಮುಗಿಯುತ್ತೇನೆ. ಅಲ್ಲಿ ಎರಡು ಪ್ರೊಸೆಸರ್, ಎರಡು ಪರದೆ, ಕೆಳಗಿನದಕ್ಕೆ ಸ್ಪರ್ಶ. ಶಕ್ತಿ ಸಾಲದು ಎಂಬ ದೂರು ನಿಜವಾಗುವ ಜಾಗ ಇದೇ. ಎರಡೂ ಪರದೆಗಳನ್ನು ಒಂದರ ಮೇಲೊಂದು ಇಟ್ಟರೆ 384 ಗೆರೆ ಆಗುತ್ತದೆ, 480ರಲ್ಲಿ ಪೂರ್ಣಾಂಕ ಪಟ್ಟು ಹಿಗ್ಗಿಸಲು ಜಾಗವೇ ಇಲ್ಲ. ವೀ ರಿಮೋಟ್‌ನಿಂದ ದೂರದ ಟಿವಿಯ ಮೂಲೆಯಲ್ಲಿರುವ ಸಣ್ಣ ಗುಂಡಿಗೆ ಗುರಿ ಇಡುತ್ತ ಕೂರುವ ಬದಲು ಒಂದು ಹಳೆಯ ಡಿಎಸ್ ಹುಡುಕಿಕೊಂಡರೆ ಕೆಲಸ ಸುಲಭ.